ಶತ್ರು ಆಗೋಕೆ ಯಾರೂ ಸಿಗುತ್ತಿಲ್ಲ

ನಮ್ಮ ಮೆಟ್ಟಿಲ ಮೇಲೆ ದಿನಾ ಸಂಜೆ ಐದಕ್ಕೆ ಯುದ್ಧ ಶುರುವಾಗುತ್ತದೆ. ಸೈನಿಕರು ನಾಲ್ಕು ಜನ, ಶತ್ರು ಒಬ್ಬನೇ. ಎಲ್ಲರಿಗಿಂತ ಚಿಕ್ಕವನು. "ನಿನ್ನೆನೂ ನಾನೇ ಆಗಿದ್ದೆ ಕಣ್ರೋ" ಅಂತ ಅಳುಮೋರೆ ಹಾಕುವಷ್ಟರಲ್ಲಿ ಠೋ ಠೋ ಆಗಿಬಿಟ್ಟಿರುತ್ತದೆ. ಸತ್ತವನು ಹತ್ತರವರೆಗೆ ಎಣಿಸಿ ಏಳಬೇಕು, ಅದು ನಿಯಮ. ಇವನು ನಾಲ್ಕರಿಂದ ಸೀದಾ ಎಂಟಕ್ಕೆ ಹಾರುತ್ತಾನೆ. ಅಲ್ಲಿಗೆ ಕದನವಿರಾಮ ಮುರಿಯಿತು.

ಮೊನ್ನೆ ಅವನ ಅಪ್ಪ ಬಾಗಿಲು ತೆಗೆದು ಗದರಿದರು. "ಗಲಾಟೆ ನಿಲ್ಲಿಸ್ರೋ! ಯುದ್ಧದ ಸುದ್ದಿ ಒಂದೂ ಕೇಳಿಸ್ತಿಲ್ಲ." ಒಳಗೆ ಟೀವಿಯಲ್ಲಿ ಕ್ಷಿಪಣಿಗೆ ಹಿನ್ನೆಲೆ ಸಂಗೀತ ಹಾಕಿದ್ದರು. ಯಾವುದೋ ಊರಿನ ಸುತ್ತ ಕೆಂಪು ವೃತ್ತ ಬರೆದು, ಕೋಟು ತೊಟ್ಟವರೊಬ್ಬರು ಮೇಜು ಗುದ್ದುತ್ತಿದ್ದರು. ಅವರಿಗೆ ಗದರುವವರು ಯಾರೂ ಇರಲಿಲ್ಲ.

ಹುಡುಗರ ಬಂದೂಕಿನ ಡಬ್ಬಿ ಮೆಟ್ಟಿಲ ಮೇಲೇ ಬಿದ್ದಿತ್ತು, ಎತ್ತಿಕೊಂಡು ಓದಿದೆ. ಚಿಕ್ಕ ಭಾಗಗಳು ಗಂಟಲಿಗೆ ಸಿಕ್ಕಿಕೊಳ್ಳಬಹುದು, ಮೂರು ವರ್ಷದೊಳಗಿನ ಮಕ್ಕಳಿಗೆ ಕೊಡಬೇಡಿ ಅಂತಿದೆ. ಅಂದರೆ ಗುಂಡು ಹಾರಿಸಬಹುದು, ನುಂಗಬಾರದು. ತುದಿಗೆ ಕಿತ್ತಳೆ ಬಣ್ಣ ಬೇರೆ. ಆಟಿಕೆ ಬಂದೂಕನ್ನು ಅಸಲಿ ಅಂದುಕೊಳ್ಳಬಾರದು ಅಂತ ಅಮೆರಿಕ 1988ರಲ್ಲಿ ಕಾನೂನನ್ನೇ ಮಾಡಿತು. ಅಸಲಿಯ ತದ್ರೂಪು ಮಾಡಿ, ಆಮೇಲೆ ಮೂತಿಗೆ ಬಣ್ಣ ಹಚ್ಚುವುದು!

ದೊಡ್ಡವರ ಆಟ ನೋಡಿ. 18 ತುಂಬದವರನ್ನು ನೇರ ಕಾಳಗಕ್ಕೆ ಇಳಿಸಬಾರದು ಎಂಬ ವಿಶ್ವಸಂಸ್ಥೆಯ ಒಪ್ಪಂದ ಜಾರಿಗೆ ಬಂದದ್ದು 2002ರ ಫೆಬ್ರವರಿಯಲ್ಲಿ. ಅದೇ ವರ್ಷ ಜುಲೈನಲ್ಲಿ ಅಮೆರಿಕದ ಸೇನೆ 'ಅಮೆರಿಕಾಸ್ ಆರ್ಮಿ' ಎಂಬ ವಿಡಿಯೋ ಗೇಮನ್ನು ಪುಕ್ಕಟೆ ಹಂಚಿತು. ಉದ್ದೇಶವೇನೂ ಗುಟ್ಟಲ್ಲ, ಹುಡುಗರು ಸೇನೆಯ ಕಡೆ ತಿರುಗಿ ನೋಡಲಿ ಅಂತ. ಇಪ್ಪತ್ತು ವರ್ಷ ನಡೆಯಿತು. ಕಾಳಗಕ್ಕೆ ಬರಬೇಡ ಮಗಾ, ಅಭ್ಯಾಸ ಮಾಡ್ತಿರು!

ಆ ಅಭ್ಯಾಸ ದಂಡವಾಗಲೂ ಇಲ್ಲ. 2018ರಲ್ಲಿ ಸೇವೆಗೆ ಬಂದ ಅಮೆರಿಕದ 'ಕೊಲರಾಡೊ' ಜಲಾಂತರ್ಗಾಮಿಯಲ್ಲಿ ಹೊರಗಿನದನ್ನು ನೋಡುವ ಕ್ಯಾಮೆರಾ ತಿರುಗಿಸೋದು ವಿಡಿಯೋ ಗೇಮ್ ಆಡುವ ಎಕ್ಸ್‌ಬಾಕ್ಸ್ ಕಂಟ್ರೋಲರ್‌ನಿಂದ. ಹೊಸಬರಿಗೆ ಹೇಳಿಕೊಡುವ ಕೆಲಸವೇ ಕಮ್ಮಿಯಂತೆ, ಮನೆಯಲ್ಲೇ ಕಲಿತು ಬಂದಿರುತ್ತಾರಲ್ವಾ. "ಯಾವಾಗ್ಲೂ ಆ ಗೇಮೇ, ಉದ್ಧಾರ ಆಗಲ್ಲ ನೀನು" ಅಂತ ಬೈದ ಅಮ್ಮಂದಿರು ಈಗ ಏನನ್ನಬೇಕೋ.

ನಿನ್ನೆ ಸಂಜೆ ಮೆಟ್ಟಿಲ ಹತ್ತಿರ ಹೋದರೆ ಹೊಸ ಜಗಳ. ಚಿಕ್ಕವನು ಶತ್ರು ಆಗಲ್ಲ ಅಂತ ಹಟ ಹಿಡಿದಿದ್ದಾನೆ.

"ಮತ್ತೇನಾಗ್ತೀಯೋ?" ಅಂದೆ.

"ಟೀವಿಯವನು, ಅಂಕಲ್. ಜೋರಾಗಿ ಕಿರುಚಬಹುದು. ಅವನಿಗೆ ಗುಂಡು ತಾಗಲ್ಲ."

ಈಗ ನಾಲ್ಕು ಜನ ಸೈನಿಕರೂ ಬಂದೂಕು ಕೆಳಗಿಟ್ಟಿದ್ದಾರೆ. ಎಲ್ಲರಿಗೂ ಟೀವಿಯವನೇ ಆಗಬೇಕಂತೆ.