ಬಿನ್ನವತ್ತಳೆ ಸಾಕು, ಆಟ ಬರೆದಿಡಿ

ಗ್ಲಾಸ್ಗೊದಲ್ಲಿ ಮೊದಲ ಹ್ಯಾಂಪ್ಡನ್ ಫುಟ್‌ಬಾಲ್ ಮೈದಾನ ಇದ್ದ ಜಾಗದಲ್ಲಿ ಈಗ ಹುಲ್ಲಿನ ಮೇಲೆ ಚೆಂಡುರುಳಿಸುವ ಬೌಲಿಂಗ್ ಕ್ಲಬ್ ಇದೆ. ಅದರ ಗೋಡೆಯ ಮೇಲೆ 1882ರ ಮ್ಯಾಚೊಂದರ ದೊಡ್ಡ ಚಿತ್ರ ಬಿಡಿಸಿದ್ದಾರೆ: ಸ್ಕಾಟ್ಲೆಂಡ್ 5, ಇಂಗ್ಲೆಂಡ್ 1. ಬೆಂಗಳೂರಿನ ಫುಟ್‌ಬಾಲ್ ಪ್ರಿಯರು ಅದನ್ನು ನೋಡಿದರೆ ಸ್ವಲ್ಪ ಹೊಟ್ಟೆ ಉರಿದೇ ಉರಿಯುತ್ತದೆ.

ಆ ದಿನ ಸ್ಕಾಟ್ಲೆಂಡಿಗೆ ಬ್ಯಾಕ್, ಅಂದರೆ ಹಿಂದೆ ನಿಂತು ಗೋಲು ಕಾಯುವ ರಕ್ಷಕ, ಆಗಿ ಆಡಿದವನು ಆಂಡ್ರ್ಯೂ ವಾಟ್ಸನ್. ಹುಟ್ಟಿದ್ದು 1856ರಲ್ಲಿ, ಬ್ರಿಟಿಷ್ ಗಯಾನಾದ ಡೆಮೆರಾರಾದಲ್ಲಿ. ತಂದೆ ಸ್ಕಾಟ್ಲೆಂಡಿನ ಸಕ್ಕರೆ ವ್ಯವಹಾರಸ್ಥ, ತಾಯಿ ಹ್ಯಾನ್ನಾ ರೋಸ್ ಅಲ್ಲಿಯ ಕಪ್ಪು ಹೆಣ್ಣುಮಗಳು. ಇಂಗ್ಲೆಂಡಿನಲ್ಲಿ ಶಾಲೆ, 1875ರಲ್ಲಿ ಗ್ಲಾಸ್ಗೊ ವಿಶ್ವವಿದ್ಯಾಲಯ, ಆಮೇಲೆ ಮ್ಯಾಕ್ಸ್‌ವೆಲ್, ಪಾರ್ಕ್‌ಗ್ರೋವ್, ಕ್ವೀನ್ಸ್ ಪಾರ್ಕ್ ತಂಡಗಳು. 1881ರ ಮಾರ್ಚ್ 12ರಂದು ಲಂಡನ್ನಿನ ಓವಲ್‌ನಲ್ಲಿ ಮೊದಲ ಅಂತರರಾಷ್ಟ್ರೀಯ ಪಂದ್ಯ, ಅದರಲ್ಲೇ ನಾಯಕ. ಗೆಲುವು 6-1. ತನ್ನ ನೆಲದಲ್ಲಿ ಇಂಗ್ಲೆಂಡ್ ಇವತ್ತಿಗೂ ಅಷ್ಟು ಅಂತರದಲ್ಲಿ ಮತ್ತೆ ಸೋತಿಲ್ಲ. ಎರಡೇ ದಿನಕ್ಕೆ ರೆಕ್ಸಮ್‌ನಲ್ಲಿ ವೇಲ್ಸ್ ಮೇಲೆ 5-1. 1882ರದೂ ಸೇರಿ ಮೂರು ಪಂದ್ಯ, ತಂಡ ಹೊಡೆದದ್ದು 16, ಬಿಟ್ಟುಕೊಟ್ಟದ್ದು 3.

ಆಗ ಬ್ಯಾಕ್ ಕೆಲಸ ಸುಲಭದ್ದಲ್ಲ. ಗೋಲ್‌ಕೀಪರ್ ಮುಂದೆ ಇಬ್ಬರೇ ಬ್ಯಾಕ್, ಅವರ ಮುಂದೆ ಇಬ್ಬರು ಹಾಫ್ ಬ್ಯಾಕ್, ಮಿಕ್ಕ ಆರು ಮಂದಿ ಫಾರ್ವರ್ಡ್. ಭುಜ ಕೊಟ್ಟು ಬೀಳಿಸುವುದು ನಿಯಮದೊಳಗೇ ಇತ್ತು, ಪೆನಾಲ್ಟಿ ಬಂದದ್ದು 1891ರಲ್ಲಿ. ಒಬ್ಬ ಬ್ಯಾಕ್ ಮುಂದೆ ನುಗ್ಗಿ ತಪ್ಪಿದನೋ, ಉಳಿದವನ ಮೇಲೆ ಇಡೀ ಫಾರ್ವರ್ಡ್ ಸಾಲೇ ಬಂದು ಬೀಳುತ್ತಿತ್ತು. ಕಾಲಲ್ಲಿ ಓಟ ಇರಬೇಕು, ಚೆಂಡು ಕಿತ್ತ ಮೇಲೆ ಒದೆತ ಗುರಿ ತಪ್ಪಬಾರದು. ಅವೆರಡೂ ವಾಟ್ಸನ್‌ಗಿದ್ದವು ಅಂತ ನಮಗೆ ಗೊತ್ತಿರುವುದು 1880-81ರ ಸ್ಕಾಟಿಷ್ ಫುಟ್‌ಬಾಲ್ ವಾರ್ಷಿಕದಿಂದ: ಭಾರಿ ವೇಗ, ಸೊಗಸಾದ ಟ್ಯಾಕಲ್, ಬಲವಾದ ನಂಬಿಗಸ್ತ ಒದೆತ. ಬರೆದದ್ದೆಲ್ಲ ಆಟದ ಮಾತೇ. ಮೈಬಣ್ಣದ ಸುದ್ದಿಯಿಲ್ಲ, ಬಿರುದು ಬಾವಲಿಯೂ ಇಲ್ಲ.

ಇನ್ನು ನಮ್ಮದು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ, ಇಲ್ಫರ್ಡ್‌ನ ಮೈದಾನದಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಮೊದಲ ಒಲಿಂಪಿಕ್ ಗೋಲು ಹೊಡೆದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಅದೇ ತಂಡದಲ್ಲಿ ನಮ್ಮ ಅಹ್ಮದ್ ಖಾನ್ ಕೂಡ ಇದ್ದರು. ಎರಡು ಪೆನಾಲ್ಟಿ ಕೈಬಿಟ್ಟು 2-1ರಲ್ಲಿ ಸೋತ ಆಟ ಅದು. ರಾಮನ್ ಆಟ ಹೇಗಿತ್ತು? ಯಾವ ಕಾಲು ಗಟ್ಟಿ? ಕೇಳಿದರೆ ಹಳಬರೊಬ್ಬರು ಟೀ ಕುಡಿಯುತ್ತಾ ಹೇಳಬೇಕು, ಅವರು ಹೋದರೆ ಮುಗಿಯಿತು. ನಾವೇನು ಗೌರವ ಮಾಡದವರಲ್ಲ. ಪೇಟ, ಶಾಲು, ಹಣ್ಣಿನ ಬುಟ್ಟಿ, ಕಟ್ಟು ಹಾಕಿಸಿದ ಬಿನ್ನವತ್ತಳೆ. ಅದರಲ್ಲಿ 'ನಾಡಿನ ಹೆಮ್ಮೆಯ ಸುಪುತ್ರ' ಇರುತ್ತದೆ, ಎಡಗಾಲೋ ಬಲಗಾಲೋ ಇರುವುದಿಲ್ಲ. ಬೆಂಗಳೂರಿನ ಗೌತಮಪುರದ ಹುಡುಗರು ಬೀದಿಯಲ್ಲಿ ಪೆಲೆಗೆ ಪ್ರತಿಮೆ ಮಾಡಿಸಿದರು, ಭೇಷ್. ಆದರೆ ಪೆಲೆಯನ್ನು ನೆನಪಿಡಲು ಲೋಕವೇ ಇದೆ.

ಗ್ಲಾಸ್ಗೊದವರ ಪಾಲಿಗೂ ಒಂದು ಮಾತು ಹೇಳಲೇಬೇಕು. 1882ರಲ್ಲಿ ವಾಟ್ಸನ್ ಲಂಡನ್ನಿಗೆ ಹೋದ. ಆಗ ಸ್ಕಾಟ್ಲೆಂಡಿನಲ್ಲಿ ಆಡುವವರನ್ನಷ್ಟೇ ತಂಡಕ್ಕೆ ಆರಿಸುತ್ತಿದ್ದರು. ಅಲ್ಲಿಗೆ ಅಂತರರಾಷ್ಟ್ರೀಯ ಆಟ ಮುಗಿಯಿತು. 1884ರಲ್ಲಿ ಬ್ಲ್ಯಾಕ್‌ಬರ್ನ್ ರೋವರ್ಸನ್ನು 8-1ರಲ್ಲಿ ಬಡಿದ ಕೊರಿಂಥಿಯನ್ಸ್ ತಂಡದಲ್ಲಿ ಅವನಿದ್ದ, ಆದರೂ ಕರೆ ಬರಲಿಲ್ಲ. ಆಮೇಲೆ ಹಡಗಿನ ಎಂಜಿನಿಯರ್ ಆದ, 1921ರಲ್ಲಿ ಲಂಡನ್ನಿನಲ್ಲಿ ತೀರಿಕೊಂಡ. ವಾರ್ಷಿಕ ಕಪಾಟಿನಲ್ಲೇ ಇದ್ದರೂ ಬ್ರಿಟನ್ನಿನ ಮೊದಲ ಕಪ್ಪು ಫುಟ್‌ಬಾಲಿಗ, ವಾಟ್ಸನ್‌ನ ಆಮೇಲೆ ಬಂದ ಆರ್ಥರ್ ವಾರ್ಟನ್ ಎಂದೇ ಬಹುಕಾಲ ನಂಬಿದ್ದರು. ರಿಚ್ಮಂಡ್ ಸ್ಮಶಾನದಲ್ಲಿದ್ದ ವಾಟ್ಸನ್ ಸಮಾಧಿಯನ್ನು ಈಚೆಗೆ ದೇಣಿಗೆ ಎತ್ತಿ ದುರಸ್ತಿ ಮಾಡಿಸಬೇಕಾಯಿತು. ಬದುಕಿದ್ದಾಗ ಕರೆದು ಒಂದು ಶಾಲು ಹೊದಿಸುವುದರಲ್ಲಿ ನಮ್ಮವರೇ ಮೇಲು ಅಂತ, ಮನಸ್ಸಿಲ್ಲದಿದ್ದರೂ, ಒಪ್ಪಬೇಕು.