ನಮ್ಮ ಹತ್ರ ಇದ್ರೆ ಸೇಫು

ಲಂಡನ್ನಿಗೆ ಹೊರಡುವ ಹಿಂದಿನ ರಾತ್ರಿ ಭಾವ ನಮ್ಮನ್ನೆಲ್ಲ ಕೂರಿಸಿ ಪಾಠ ಮಾಡಿದರು. "ಅಲ್ಲಿ ಕಳ್ಳರ ಕಾಟ ಜಾಸ್ತಿ. ಸೈಕಲ್ಲಲ್ಲಿ ಬರ್ತಾರೆ, ಕೈಯಲ್ಲಿರೋ ಫೋನ್ ಕಿತ್ಕೊಂಡು ಹೋಗ್ತಾರೆ. ಪಾಸ್‌ಪೋರ್ಟು, ದುಡ್ಡು ಎಲ್ಲ ಹೊಟ್ಟೆಗೆ ಕಟ್ಕೋಬೇಕು." ಹೇಳಿ ಸುಮ್ಮನಾಗಲಿಲ್ಲ, ಟೈಲರ್ ಹತ್ತಿರ ನಾಲ್ಕು ಬಟ್ಟೆ ಚೀಲ ಹೊಲಿಸಿಯೂ ತಂದಿದ್ದರು. ಜಾತ್ರೆಗೆ ಹೋಗುವಾಗ ನಮ್ಮಜ್ಜಿ ಸೊಂಟಕ್ಕೆ ಸಿಕ್ಕಿಸಿಕೊಳ್ಳುತ್ತಿದ್ದ ಎಲೆ ಅಡಿಕೆ ಚೀಲದ ಹಾಗಿದ್ದವು. ಭಾವ, ಅಕ್ಕ, ಅವರ ಮಗಳು, ನಾನು. 2024ರ ಸೆಪ್ಟೆಂಬರಿನಲ್ಲಿ ನಾಲ್ವರೂ ಹೊಟ್ಟೆ ಉಬ್ಬಿಸಿಕೊಂಡು ಹೀಥ್ರೂನಲ್ಲಿ ಇಳಿದೆವು.

ಮೊದಲ ದಿನವೇ ಬ್ರಿಟಿಷ್ ಮ್ಯೂಸಿಯಂ. ಒಳಗೆ ಹೋಗಲು ಟಿಕೆಟ್ ದುಡ್ಡಿಲ್ಲ. 5 ಪೌಂಡ್ ಹಾಕಿದರೆ ಸಂತೋಷ ಅಂತ ಹುಂಡಿ ಇಟ್ಟಿದ್ದಾರೆ. ಹುಂಡಿ ಕಂಡದ್ದೇ ಭಾವ ಅಭ್ಯಾಸಬಲದಿಂದ ಚಪ್ಪಲಿ ಬಿಡಲು ಜಾಗ ಹುಡುಕಿದರು.

ಬಾಗಿಲಲ್ಲಿ ಚೀಲ ತಪಾಸಣೆ. ಅಕ್ಕನ ಸ್ಟೀಲ್ ಡಬ್ಬಿ ಹೊರಗೆ ಬಂತು. ಕಾವಲಿನವರು ಮುಚ್ಚಳ ತೆಗೆದರು. ಒಂದು ಕೋಡುಬಳೆಯನ್ನು ಎರಡೇ ಬೆರಳಲ್ಲಿ ಎತ್ತಿ, ಬೆಳಕಿಗೆ ಹಿಡಿದು, ಅತ್ತ ಇತ್ತ ತಿರುಗಿಸಿ ನೋಡಿದರು. ಮೂರು ಸಾವಿರ ವರ್ಷದ ಹಿಂದಿನ ಯಾವುದೋ ರಾಣಿಯ ಬಳೆ ಪರೀಕ್ಷೆ ಮಾಡುವ ಹಾಗೆ. ಅದು ಮೊನ್ನೆ ಮಂಗಳವಾರ ಕರಿದದ್ದು. ತಿನ್ನುವ ಪದಾರ್ಥ ಅಂತ ಅಕ್ಕನ ಮಗಳು ವಿವರಿಸಿದ ಮೇಲೆ, ತುಂಬ ಗೌರವದಿಂದ ವಾಪಸ್ ಕೊಟ್ಟರು. ಪರವಾಗಿಲ್ಲ. ಈ ಕಟ್ಟಡಕ್ಕೆ ಬಂದ ಸಾಮಾನು ಮಾಲೀಕರ ಕೈಗೆ ವಾಪಸ್ ಹೋಗುವುದು ದಿನಾ ನಡೆಯುವ ವಿಷಯ ಅಲ್ಲ.

ಯಾಕಂದರೆ ಕಾನೂನೇ ಹಾಗಿದೆ. 1963ರ ಬ್ರಿಟಿಷ್ ಮ್ಯೂಸಿಯಂ ಕಾಯ್ದೆ ಪ್ರಕಾರ, ತೀರಾ ಕೆಲವು ಸಂದರ್ಭ ಬಿಟ್ಟರೆ, ಸಂಗ್ರಹದಲ್ಲಿರುವ ಯಾವ ವಸ್ತುವನ್ನೂ ಟ್ರಸ್ಟಿಗಳು ಹೊರಗೆ ಕೊಡುವಂತಿಲ್ಲ. ಪಾಪ, ಅವರಿಗೆ ಕೊಡುವ ಮನಸ್ಸಿದ್ದರೂ ಕಾನೂನು ಬಿಡುವುದಿಲ್ಲ. ಆ ಕಾನೂನು ಮಾಡಿದ್ದು ಯಾರು ಅಂತ ಕೇಳಬಾರದು. ನೆರೆಮನೆಯವರು ನಮ್ಮ ಒರಳು ಕಲ್ಲು ಎತ್ತಿಕೊಂಡು ಹೋಗಿ, "ನಮ್ಮ ಮನೆಯಿಂದ ಯಾವ ಸಾಮಾನೂ ಹೊರಗೆ ಹೋಗಬಾರದು ಅಂತ ನಮ್ಮ ಮನೇಲಿ ರೂಲ್ಸ್ ಇದೆ, ಏನ್ಮಾಡೋದು ಹೇಳಿ" ಅಂದರೆ ಹೇಗಿರುತ್ತದೋ ಹಾಗೆ.

ಕಾನೂನಿಗಿಂತ ದೊಡ್ಡ ವಾದ ಇನ್ನೊಂದಿದೆ. ನಮ್ಮ ಹತ್ತಿರ ಇದ್ದರೆ ಸೇಫ್ ಎಂಬುದು. ಸುಮಾರು 80 ಲಕ್ಷ ವಸ್ತುಗಳಿವೆ, ಅದರಲ್ಲಿ ನೂರಕ್ಕೆ ಒಂದರಷ್ಟು ಮಾತ್ರ ಜನರ ಕಣ್ಣಿಗೆ ಬೀಳುತ್ತದೆ. ಉಳಿದದ್ದು ಒಳಗೆ ಭದ್ರ. ಎಷ್ಟು ಭದ್ರ ಅಂದರೆ, 2023ರ ಆಗಸ್ಟಿನಲ್ಲಿ ಮ್ಯೂಸಿಯಮ್ಮಿನವರೇ ಮುಂದೆ ಬಂದು, ವಸ್ತುಗಳು ಕಾಣುತ್ತಿಲ್ಲ, ಒಬ್ಬ ಸಿಬ್ಬಂದಿಯನ್ನು ಕೆಲಸದಿಂದ ತೆಗೆದಿದ್ದೇವೆ ಅಂದರು. ಕಾಣೆಯಾದದ್ದು, ಹಾಳಾದದ್ದು ಎಲ್ಲ ಸೇರಿಸಿ ಲೆಕ್ಕ ಹಾಕಿದರೆ ಸುಮಾರು 2,000. ಚಿನ್ನದ ಒಡವೆ, ಹರಳು, ಗಾಜಿನ ಸಾಮಾನು. ಕೆಲವು ಇಬೇ ಎಂಬ ಆನ್‌ಲೈನ್ ಅಂಗಡಿಯಲ್ಲಿ ಮಾರಾಟಕ್ಕೆ ಕಂಡಿದ್ದವು. ಡೆನ್ಮಾರ್ಕಿನ ಒಬ್ಬ ವ್ಯಾಪಾರಿ 2021ರಲ್ಲೇ ಅದನ್ನು ನೋಡಿ, "ಸ್ವಾಮಿ, ಇದು ನಿಮ್ಮದಲ್ವಾ?" ಅಂತ ಬರೆದು ತಿಳಿಸಿದ್ದರು. ಎಲ್ಲ ಸರಿಯಾಗಿದೆ ಎಂಬ ಉತ್ತರ ಹೋಗಿತ್ತು. ಎರಡು ವರ್ಷ ಆದ ಮೇಲೆ ನಿರ್ದೇಶಕರು ರಾಜೀನಾಮೆ ಕೊಟ್ಟರು.

ಇದರಲ್ಲಿ ನನಗೆ ತುಂಬ ಹಿಡಿಸಿದ್ದು ಆಮೇಲಿನ ಭಾಗ. ನಮ್ಮ ವಸ್ತುಗಳು ಯಾರ ಹತ್ತಿರವಾದರೂ ಇದ್ದರೆ ದಯವಿಟ್ಟು ತಿಳಿಸಿ, ವಾಪಸ್ ಪಡೆಯಲು ಸಹಾಯ ಮಾಡಿ ಅಂತ ಮ್ಯೂಸಿಯಂ ಸಾರ್ವಜನಿಕರನ್ನು ಕೇಳಿಕೊಂಡಿತು. ಗ್ರೀಸ್, ಈಜಿಪ್ಟ್, ನೈಜೀರಿಯಾದವರೂ ಅದನ್ನು ಓದಿರಬೇಕು.

ಕಳೆದುಹೋದದ್ದರಲ್ಲಿ ಎಷ್ಟೋ ವಸ್ತುಗಳು ಪಟ್ಟಿಯಲ್ಲೇ ಸರಿಯಾಗಿ ಇರಲಿಲ್ಲವಂತೆ ಅಂದೆ. ಅಕ್ಕನಿಗೆ ನಂಬಲಾಗಲಿಲ್ಲ. "ನಮ್ಮತ್ತೆ ಅಟ್ಟದ ಮೇಲೆ ಇಟ್ಟಿರೋ ಹಿತ್ತಾಳೆ ಚೊಂಬು ಎಷ್ಟು ಅಂತ ನಿದ್ದೆಗಣ್ಣಲ್ಲಿ ಕೇಳಿದ್ರೂ ಹೇಳ್ತಾರಲ್ಲೋ!"

ಅಲ್ಲಿಂದ ಪಾರ್ಥೆನಾನ್ ಶಿಲ್ಪಗಳ ಗ್ಯಾಲರಿಗೆ ಹೋದೆವು. ಅಥೆನ್ಸಿನ ದೇವಸ್ಥಾನದಿಂದ ಬ್ರಿಟಿಷ್ ರಾಯಭಾರಿ ಲಾರ್ಡ್ ಎಲ್ಗಿನ್ ಬಿಚ್ಚಿಸಿಕೊಂಡು ಬಂದದ್ದು. 1816ರಲ್ಲಿ ಪಾರ್ಲಿಮೆಂಟ್ 35,000 ಪೌಂಡ್ ಕೊಟ್ಟು ಕೊಂಡುಕೊಂಡಿತು. ಆಗ ಗ್ರೀಸನ್ನು ಆಳುತ್ತಿದ್ದ ಆಟೋಮನ್ನರು ಅನುಮತಿ ಕೊಟ್ಟಿದ್ದರು ಎಂಬುದಕ್ಕೆ ಕಾಗದ ಇದೆ ಅನ್ನುತ್ತಾರೆ. ಮೂಲ ಪತ್ರ ಮಾತ್ರ ಇಲ್ಲ, ಅದರದ್ದು ಅಂತ ಹೇಳುವ ಇಟಾಲಿಯನ್ ಅನುವಾದ ಇದೆ. ನಮ್ಮೂರ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಮೂಲ ಪತ್ರ ಇಲ್ಲ, ಇಟಾಲಿಯನ್ ಭಾಷೆಯ ಪ್ರತಿ ಇದೆ ಅಂತ ಹೇಳಿ ಎರಡು ಗುಂಟೆ ಖಾತೆ ಮಾಡಿಸಿಕೊಂಡು ಬನ್ನಿ, ನೋಡೋಣ.

ಸರಿ, ತಂದವರು ಚೆನ್ನಾಗಿಯಾದರೂ ನೋಡಿಕೊಂಡರಾ? 1930ರ ದಶಕದ ಕೊನೆಯಲ್ಲಿ ಹೊಸ ಗ್ಯಾಲರಿ ಕಟ್ಟಿಸಲು ದುಡ್ಡು ಕೊಟ್ಟ ದಾನಿಗೆ ಶಿಲ್ಪಗಳು ಇನ್ನೂ ಬೆಳ್ಳಗೆ ಕಾಣಬೇಕಿತ್ತು. ಕೆಲಸದವರು ತಾಮ್ರದ ಉಳಿ, ಉಜ್ಜುವ ಕಲ್ಲು ಹಿಡಿದು ಕೂತು ಉಜ್ಜಿದರು. ಎರಡು ಸಾವಿರ ವರ್ಷ ದಾಟಿದ ಕಲ್ಲಿನ ಮೈಬಣ್ಣ ಎದ್ದು ಹೋಯಿತು. ಹಬ್ಬದ ಹಿಂದಿನ ದಿನ ಹುಣಸೆಹಣ್ಣು ಹಾಕಿ ಬಿಂದಿಗೆ ತಿಕ್ಕುವುದು ನಮಗೂ ಗೊತ್ತು. ಆದರೆ ನಾವು ತಿಕ್ಕುವುದು ನಮ್ಮ ಬಿಂದಿಗೆಯನ್ನು. ಈಚೆಗೆ 2018ರಲ್ಲಿ ಇದೇ ಗ್ಯಾಲರಿಯ ಸೂರಿನಿಂದ ಮಳೆನೀರು ತೊಟ್ಟಿಕ್ಕಿದ್ದೂ ಸುದ್ದಿಯಾಗಿತ್ತು.

ಭಾವ ನ್ಯಾಯವಂತರು. "ನಾವೇನು ಕಮ್ಮಿನಾ? ಹಂಪೀಲಿ ಹುಡುಗರು ಕಂಬ ತಳ್ಳಿ ಬೀಳಿಸಿ ವಿಡಿಯೋ ಮಾಡಿದ್ರಲ್ಲ" ಅಂದರು. ನಿಜ. ಎಷ್ಟೋ ಊರಲ್ಲಿ ವೀರಗಲ್ಲಿನ ಮೇಲೆ ಬಟ್ಟೆ ಒಗೆಯುವುದೂ ನಿಜ. ಆದರೆ ಹಂಪಿಯಲ್ಲಿ ಆಮೇಲೆ ಏನಾಯಿತು? 2019ರಲ್ಲಿ ಹೊಸಪೇಟೆಯ ಕೋರ್ಟು ಆ ನಾಲ್ವರಿಗೂ ತಲಾ 70,000 ರೂಪಾಯಿ ದಂಡ ಹಾಕಿತು. ಬೀಳಿಸಿದ ಕಂಬವನ್ನು ಅವರ ಕೈಯಿಂದಲೇ ಎತ್ತಿಸಿ, ಮೊದಲಿದ್ದ ಜಾಗದಲ್ಲೇ ನಿಲ್ಲಿಸಿತು. ಎಲ್ಗಿನ್ ಕೇಸನ್ನು ಸುಮ್ನೆ ಒಂದು ಸಲ ಹೊಸಪೇಟೆಗೆ ವರ್ಗಾಯಿಸಿದ್ದರೆ ಇಷ್ಟು ಹೊತ್ತಿಗೆ ಮುಗಿದಿರುತ್ತಿತ್ತು.

ಹೊರಗೆ ಬರುವ ದಾರಿಯಲ್ಲಿ ಈಸ್ಟರ್ ದ್ವೀಪದ ದೊಡ್ಡ ಕಲ್ಲಿನ ಮೂರ್ತಿ ಸಿಕ್ಕಿತು. 1868ರಲ್ಲಿ ಬ್ರಿಟಿಷ್ ಹಡಗಿನವರು ತಂದದ್ದು. ದ್ವೀಪದ ಭಾಷೆಯಲ್ಲಿ ಅದರ ಹೆಸರಿಗೆ ಕಳೆದುಹೋದ ಗೆಳೆಯ, ಕದ್ದ ಗೆಳೆಯ ಎಂಬ ಅರ್ಥ ಹೇಳುತ್ತಾರೆ. ಹೆಸರನ್ನು ಬದಲಾಯಿಸದೆ ಹಾಗೇ ಉಳಿಸಿಕೊಂಡದ್ದಕ್ಕೆ ಮೆಚ್ಚಬೇಕು.

ಮರುದಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಂ. ಭಾವನ ಊರು ಪಾಂಡವಪುರ. ಶ್ರೀರಂಗಪಟ್ಟಣ ಅಲ್ಲಿಂದ ಬಸ್ಸಲ್ಲಿ ಅರ್ಧ ಗಂಟೆ. ಆ ಅರ್ಧ ಗಂಟೆ ದಾರಿಯ ಹುಲಿಯನ್ನು ನೋಡಲು ನಾವು ವೀಸಾಗೆ ಅರ್ಜಿ ಹಾಕಿ, ಹತ್ತು ಬೆರಳಿನ ಗುರುತು ಕೊಟ್ಟು, ಬ್ಯಾಂಕ್ ಸ್ಟೇಟ್‌ಮೆಂಟ್ ಜೋಡಿಸಿ ಬಂದಿದ್ದೆವು. ಹೋದವರು ತಿರುಗಿ ನಮ್ಮ ದೇಶಕ್ಕೆ ಬರುತ್ತೇವೆ ಎಂಬುದನ್ನೂ ಕಾಗದಪತ್ರದ ಸಮೇತ ನಂಬಿಸಬೇಕು. ಹುಲಿಗೆ ಮಾತ್ರ ಈ ಷರತ್ತು ಇರಲಿಲ್ಲ.

ಟಿಪ್ಪುವಿನ ಮರದ ಹುಲಿ ಚಿತ್ರದಲ್ಲಿ ನೋಡಿದ್ದಕ್ಕಿಂತ ದೊಡ್ಡದಿದೆ. ಉದ್ದ 178 ಸೆಂಟಿಮೀಟರ್, ಎತ್ತರ 71. ಕೆಳಗೆ ಅಂಗಾತ ಬಿದ್ದ ಬಿಳಿ ಸಿಪಾಯಿ, ಕೆಂಪು ಕೋಟು, ತಲೆಯಲ್ಲಿ ಟೋಪಿ. ಹುಲಿಯ ಬಾಯಿ ಅವನ ಕುತ್ತಿಗೆಗೆ. ಪಕ್ಕದ ಹಿಡಿಕೆ ತಿರುಗಿಸಿದರೆ ಅವನ ಎಡಗೈ ಮೇಲೆ ಕೆಳಗೆ ಆಡುತ್ತದೆ, ಅವನು ನರಳುತ್ತಾನೆ, ಹುಲಿ ಗುರುಗುಟ್ಟುತ್ತದೆ. ಹೊಟ್ಟೆಯ ಬಾಗಿಲು ತೆಗೆದರೆ ಒಳಗೆ ದಂತದ ಗುಂಡಿಗಳಿರುವ ಸಣ್ಣ ಆರ್ಗನ್. 1799ರ ಮೇ 4ರಂದು ಟಿಪ್ಪು ಸತ್ತು ಕೋಟೆ ಬಿದ್ದ ಮೇಲೆ ಇದು ಅರಮನೆಯಲ್ಲಿ ಸಿಕ್ಕಿತು. ಚಿನ್ನದ ಸಿಂಹಾಸನದ ಗತಿ ಬೇರೆ. ಪಾಲು ಹಂಚಿಕೊಳ್ಳಲು ಸುಲಭ ಆಗಲಿ ಅಂತ ಅದನ್ನು ತುಂಡು ಮಾಡಿದರು. ಹುಲಿ ಮರದ್ದು, ಹಂಚಿದರೆ ಸೌದೆ. ಅದಕ್ಕೇ ಇಡಿಯಾಗಿ ಹಡಗು ಹತ್ತಿತು.

1808ರಿಂದ ಈಸ್ಟ್ ಇಂಡಿಯಾ ಕಂಪನಿಯ ಕಚೇರಿಯಲ್ಲಿ ಜನರ ಮುಂದೆ ಇಟ್ಟರು. ಬಂದ ಬಂದವರೆಲ್ಲ ಹಿಡಿಕೆ ತಿರುಗಿಸುವುದು, ಸಿಪಾಯಿ ನರಳುವುದು. ಅಲ್ಲೇ ಓದಲು ಕೂತವರಿಗೆ ತಲೆನೋವು. ಗಲಾಟೆ ತಡೆಯಲಾಗುತ್ತಿಲ್ಲ ಅಂತ ದೂರು. ನಮ್ಮ ಹುಲಿ ಲಂಡನ್ನಿನಲ್ಲಿ ಮಾಡಿದ ಏಕೈಕ ಹೋರಾಟ ಅದು. ಬರುಬರುತ್ತಾ ಮೊದಲಿನ ಹಿಡಿಕೆಯೇ ಕಳೆದುಹೋಯಿತು. ಸೇಫಾಗಿ.

ಇನ್ನೂ ಇದೆ. ಎರಡನೇ ಮಹಾಯುದ್ಧದಲ್ಲಿ ಜರ್ಮನ್ ಬಾಂಬಿಗೆ ಮ್ಯೂಸಿಯಮ್ಮಿನ ಛಾವಣಿ ಕುಸಿದು ಹುಲಿಯ ಮೇಲೇ ಬಿತ್ತು. ಮೇಲಿನ ಮರ ನೂರಾರು ಚೂರಾಯಿತು. ಯುದ್ಧ ಮುಗಿದ ಮೇಲೆ ಕೂತು ಅಂಟಿಸಿದರು. ಅಂಟಿಸಿದವರ ಕೈಗೆ ನಮಸ್ಕಾರ, ನಿಜವಾಗಿ ಚೆನ್ನಾಗಿ ಅಂಟಿಸಿದ್ದಾರೆ. ಆ ದಿನಗಳಲ್ಲಿ ಶ್ರೀರಂಗಪಟ್ಟಣದ ಮೇಲೆ ಯಾವ ಬಾಂಬೂ ಬೀಳಲಿಲ್ಲ ಎಂಬುದನ್ನು ಸುಮ್ನೆ ಜ್ಞಾಪಿಸಿದೆ, ಅಷ್ಟೇ.

"ಮಾವ, ಹಾಗಾದ್ರೆ ಶ್ರೀರಂಗಪಟ್ಟಣದಲ್ಲಿ ಏನಿದೆ?" ಅಕ್ಕನ ಮಗಳು ಕೇಳಿದಳು.

"ಟಿಪ್ಪು ದೇಹ ಸಿಕ್ಕ ಜಾಗ ಅಂತ ಒಂದು ಕಲ್ಲಿದೆಯಮ್ಮ."

ಕೊಟ್ಟೇ ಇಲ್ಲ ಅನ್ನುವಂತಿಲ್ಲ. ಘಾನಾದ ಅಸಾಂತೆ ಅರಸರ ಚಿನ್ನವನ್ನು, 1874ರ ಲೂಟಿಯ ಮಾಲೂ ಸೇರಿದ 32 ವಸ್ತುಗಳನ್ನು, ಈ ಎರಡೂ ಮ್ಯೂಸಿಯಂಗಳು ಸೇರಿ 2024ರಲ್ಲಿ ಅವರಿಗೇ ಕೊಟ್ಟಿವೆ. ಮೂರು ವರ್ಷಕ್ಕೆ. ಎರವಲು! ಅದೇ ವರ್ಷ ಶಿವಾಜಿಯದ್ದು ಅನ್ನುವ ವಾಘ್ ನಖ, ಅಂದರೆ ಹುಲಿಯುಗುರಿನಂಥ ಆಯುಧ, ಮಹಾರಾಷ್ಟ್ರದ ಸತಾರಾಕ್ಕೆ ಬಂದದ್ದೂ ಮೂರು ವರ್ಷದ ಕರಾರಿನ ಮೇಲೆಯೇ. ಇನ್ನು ನಮ್ಮ ಒರಳು ಕಲ್ಲು ಹಬ್ಬಕ್ಕೆ ಬೇಕಾದರೆ ನೆರೆಮನೆಗೆ ಅರ್ಜಿ ಹಾಕಬಹುದು. ಹಿಟ್ಟು ರುಬ್ಬಿ, ತೊಳೆದು, ಸಂಜೆಯೊಳಗೆ ವಾಪಸ್ ಇಡಬೇಕು.

ಮೂರನೇ ದಿನ ಟವರ್ ಆಫ್ ಲಂಡನ್. ಇದು ಪುಕ್ಕಟೆ ಅಲ್ಲ, ನಾವು ಹೋದಾಗ ತಲೆಗೆ 35 ಪೌಂಡಿನ ಹತ್ತಿರ ಇತ್ತು. ಒಳಗೆ ಕಾಗೆಗಳಿವೆ, ನಮ್ಮ ಕಾಗೆಗಿಂತ ಎರಡು ಪಟ್ಟು ದೊಡ್ಡವು. ಅವು ಕೋಟೆ ಬಿಟ್ಟು ಹೋದರೆ ರಾಜ್ಯ ಮುಳುಗುತ್ತದೆ ಎಂಬ ಪ್ರತೀತಿ. ಅದಕ್ಕೆ ಆರಕ್ಕೆ ಕಮ್ಮಿ ಆಗದ ಹಾಗೆ ಸಾಕುತ್ತಾರೆ, ದೂರ ಹಾರದಂತೆ ರೆಕ್ಕೆಯ ಗರಿ ಕತ್ತರಿಸುತ್ತಾರೆ, ನೋಡಿಕೊಳ್ಳಲು ಅಂತಲೇ ಒಬ್ಬ ಅಧಿಕಾರಿ ಇದ್ದಾನೆ. ತಿಥಿಯ ದಿನ ಎಲೆ ಹಿಡಿದು ತಾರಸಿಯ ಮೇಲೆ ಒಂದು ಗಂಟೆ ಕಾ ಕಾ ಅಂದರೂ ಒಂದು ಕಾಗೆ ಬರದ ಬೆಂಗಳೂರಿನಿಂದ ಹೋದ ಭಾವ ಅಲ್ಲೇ ನಿಂತುಬಿಟ್ಟರು. ಮೂಢನಂಬಿಕೆ ನಮ್ಮಲ್ಲೂ ಇದೆ, ಆದರೆ ಟಿಕೆಟ್ ಇಟ್ಟಿಲ್ಲ.

ಕಿರೀಟಗಳ ಕೋಣೆಯಲ್ಲಿ ಫೋಟೋ ತೆಗೆಯುವಂತಿಲ್ಲ. ನಿಲ್ಲುವಂತೆಯೂ ಇಲ್ಲ. ಕಿರೀಟಗಳ ಮುಂದೆ ಏರ್‌ಪೋರ್ಟಿನಲ್ಲಿರುವಂಥ ಓಡುವ ಪಟ್ಟಿ. ಅದರ ಮೇಲೆ ನಿಂತರೆ ಅದೇ ನಮ್ಮನ್ನು ಸಾಗಿಸುತ್ತದೆ. ತಿರುಪತಿಯಲ್ಲಿ ಜರಗಂಡಿ ಜರಗಂಡಿ ಅನ್ನಲು ಮನುಷ್ಯರು ಬೇಕು. ಇಲ್ಲಿ ನೆಲವೇ ಜರಗಂಡಿ ಅನ್ನುತ್ತದೆ. ಕೊಹಿನೂರ್ ಬಂತು, ಬಂತು, ಹೋಯಿತು. ಭಾವ ಬಿಡಲಿಲ್ಲ. ಎರಡನೇ ಸುತ್ತಿನಲ್ಲಿ ಪಟ್ಟಿ ಮುಂದೆ ಹೋಗುವಷ್ಟೇ ವೇಗದಲ್ಲಿ ತಾವು ಹಿಂದಕ್ಕೆ ನಡೆಯತೊಡಗಿದರು. ಹೀಗಾಗಿ ಕೊಹಿನೂರಿನ ಎದುರು, ಹೊಟ್ಟೆಯ ಚೀಲ ಗಟ್ಟಿ ಹಿಡಿದುಕೊಂಡು, ನಡೆಯುತ್ತಲೇ ನಿಂತಿದ್ದರು. ಸುಮಾರು ಹತ್ತು ಸೆಕೆಂಡ್. ಹಿಂದಿನಿಂದ ಬಂದ ಒಬ್ಬ ಅಜ್ಜಿ ಬೆನ್ನಿಗೆ ಗುದ್ದಿದ ಮೇಲೆ ಮುಂದೆ ಸಾಗಿದರು.

"ಇಷ್ಟೇನಾ?" ಅಂದಳು ಅಕ್ಕ. ಇಷ್ಟೇ ಇರಲಿಲ್ಲ. ಬಂದಾಗ ಈಗಿನ ಲೆಕ್ಕದಲ್ಲಿ 191 ಕ್ಯಾರೆಟ್ ಇತ್ತು. ಹೊಳಪು ಸಾಲದು ಅಂತ 1852ರಲ್ಲಿ ಕತ್ತರಿಸಿ 105.6ಕ್ಕೆ ಇಳಿಸಿದರು. ಅಕ್ಕ ಮನಸ್ಸಿನಲ್ಲೇ ಲೆಕ್ಕ ಹಾಕಿದಳು. "ನಮ್ಮ ಅಂಗಡಿಯವನು ನೂರಕ್ಕೆ ಹದಿನೈದು ವೇಸ್ಟೇಜ್ ಅಂದ್ರೆ ನಾನು ಎದ್ದು ಬರ್ತೀನಿ. ಇವ್ರದ್ದು ನಲವತ್ತೈದು ಆಯ್ತಲ್ಲೋ!"

ಆ ವಜ್ರವನ್ನು 1849ರಲ್ಲಿ ಒಪ್ಪಂದದ ಮೂಲಕ ಒಪ್ಪಿಸಿದ್ದು ಪಂಜಾಬಿನ ಮಹಾರಾಜ ದುಲೀಪ್ ಸಿಂಗ್. ವಯಸ್ಸು 10. ತಾಯಿಯನ್ನು ಅದಕ್ಕೆ ಮೊದಲೇ ಮಗನಿಂದ ಬೇರೆ ಮಾಡಿ ಕೂಡಿ ಹಾಕಿದ್ದರು. 2016ರಲ್ಲಿ ನಮ್ಮದೇ ಕೇಂದ್ರ ಸರ್ಕಾರದ ವಕೀಲರು ಸುಪ್ರೀಂ ಕೋರ್ಟಿನಲ್ಲಿ ನಿಂತು, ಅದು ಕದ್ದದ್ದಲ್ಲ, ಬಲವಂತದಿಂದ ಕಿತ್ತುಕೊಂಡದ್ದೂ ಅಲ್ಲ ಅಂದರು. ಗಲಾಟೆ ಆಯಿತು. ಮರುದಿನ, ವಾಪಸ್ ತರಲು ಎಲ್ಲ ಪ್ರಯತ್ನ ಮಾಡುತ್ತೇವೆ ಎಂಬ ಹೇಳಿಕೆ ಬಂತು. ಆ ಕಡೆಯವರಿಗೂ ಸ್ವಲ್ಪ ಅಳುಕು ಇದ್ದಂತಿದೆ. 2023ರ ಪಟ್ಟಾಭಿಷೇಕಕ್ಕೆ ರಾಣಿ ಕಮಿಲಾ ಕೊಹಿನೂರ್ ಇರುವ ಈ ಕಿರೀಟ ತೊಡಲಿಲ್ಲ. ಮದುವೆ ಮನೆಯಲ್ಲಿ ಒಡವೆ ಗುರುತು ಹಿಡಿಯುವವರು ಇದ್ದೇ ಇರುತ್ತಾರೆ.

ಕೊನೆಯ ದಿನ ಥೇಮ್ಸ್ ದಂಡೆಯ ಬಸವಣ್ಣನವರ ಪ್ರತಿಮೆಗೆ ಹೋಗಿ ಕೈ ಮುಗಿದೆವು. 2015ರಿಂದ ಇದೆ. ಕದಿಯಬೇಡಿ ಎಂಬುದನ್ನೇ ಎಲ್ಲಕ್ಕಿಂತ ಮೊದಲು ಹೇಳಿದವರು ಈ ದಡದಲ್ಲಿ, ನದಿಯ ಆಚೆ ದಡದಲ್ಲಿ ಪಾರ್ಲಿಮೆಂಟ್. ಲಂಡನ್ನಿಗೆ ಕನ್ನಡದವರು ತಾವಾಗಿಯೇ ಕೊಟ್ಟದ್ದು ಇದೊಂದೇ ಇರಬೇಕು.

ಭಾವನ ಚೀಲಕ್ಕೆ ಯಾವ ಕಳ್ಳನೂ ಕೈ ಹಾಕಲಿಲ್ಲ. ಬೆಂಗಳೂರಿನಲ್ಲಿ ಇಳಿದು ಸೂಟ್‌ಕೇಸ್ ತಳ್ಳಿಕೊಂಡು ಬರುವಾಗ ಕಸ್ಟಮ್ಸಿನವರು ಅಕ್ಕನನ್ನು ನಿಲ್ಲಿಸಿದರು. ಸ್ಕ್ಯಾನರಿನಲ್ಲಿ ಸ್ಟೀಲ್ ಡಬ್ಬಿ ಕಂಡಿತ್ತು.

"ಏನಿದೆಯಮ್ಮ ಇದರಲ್ಲಿ?"

ಅಕ್ಕ ಮುಚ್ಚಳ ತೆಗೆದಳು. ಕೋಡುಬಳೆ ಎಂದೋ ಖಾಲಿಯಾಗಿತ್ತು. ಮ್ಯೂಸಿಯಮ್ಮಿನ ಅಂಗಡಿಯಲ್ಲಿ ಮಗಳು ಹಟ ಹಿಡಿದು ಕೊಡಿಸಿಕೊಂಡದ್ದು ಇತ್ತು.

"ಟಿಪ್ಪು ಹುಲಿ ಸಾರ್. ಲಂಡನ್ನಿಂದ ತಂದ್ವಿ."

ಅವರು ಹುಲಿಯನ್ನು ಎರಡು ಬೆರಳಲ್ಲಿ ಎತ್ತಿ ಬೆಳಕಿಗೆ ಹಿಡಿದರು.

"ಬಿಲ್ ಇದೆಯಾ?"

ಭಾವ ಅಂಗಿ ಮೇಲೆತ್ತಿ ಹೊಟ್ಟೆಗೆ ಕೈ ಹಾಕಿದರು.