ಕಾಡಿಗೆ ಬಂದು ಸ್ಪೀಕರ್ ಯಾಕ್ರೀ?

ಮಳೆ ಶುರುವಾದ ಮೇಲೆ ಕೊಡಚಾದ್ರಿ ಕಡೆಯ ಹಿಡ್ಲುಮನೆ ಜಲಪಾತಕ್ಕೆ ಗೈಡ್ ಜೊತೆ ಹೊರಟರೆ ಇಂಬಳದ, ಅಂದರೆ ರಕ್ತ ಹೀರುವ ಜಿಗಣೆಯ, ಕಾಟ ಇದ್ದದ್ದೇ. ಅದಕ್ಕೆ ನನ್ನ ತಕರಾರಿಲ್ಲ. ಉಪ್ಪು ತಾಗಿಸಿದರೆ ಬಿಡುತ್ತದೆ, ಪಾಪ. ಬಿಡದೇ ಇದ್ದದ್ದು ನಮ್ಮ ಗುಂಪಿನ ಮಹಾಶಯರೊಬ್ಬರ ಬ್ಲೂಟೂತ್ ಸ್ಪೀಕರ್!

ಗೈಡ್ ಅಣ್ಣ ಅದೇ ಊರಿನವರು. ಸಿಂಗಳೀಕಕ್ಕೆ ನಾಚಿಕೆ ಜಾಸ್ತಿ, ಮರದ ತುದಿಯಲ್ಲೇ ಓಡಾಡುತ್ತದೆ ಅಂತ ಏನೋ ಹೇಳುತ್ತಿದ್ದರು. ಕೇಳಿಸಿದ್ದು ಅರ್ಧ. ಉಳಿದರ್ಧವನ್ನು ಡಿಜೆ ರಿಮಿಕ್ಸ್ ನುಂಗಿತು. ಹಳ್ಳದ ಹತ್ತಿರ ಸಿಳ್ಳಾರ ಹಕ್ಕಿ ಕೂಗಿತು. ಯಾರೋ ಹುಡುಗ ಸುಮ್ನೆ ಸಿಳ್ಳೆ ಹಾಕಿಕೊಂಡು ಹೋಗುವ ಹಾಗಿರುತ್ತದೆ ಅದರ ದನಿ. ಅದನ್ನು ಕೇಳೋದಕ್ಕೇ ತಾನೇ ಅಲ್ಲಿವರೆಗೆ ಹೋಗೋದು? ಸ್ವಲ್ಪ ಕಮ್ಮಿ ಮಾಡಿ ಸರ್ ಅಂದಿದ್ದಕ್ಕೆ, "ದುಡ್ಡು ಕೊಟ್ಟು ಬಂದಿದೀವಿ, ಎಂಜಾಯ್ ಮಾಡಬಾರದಾ?" ಅಂದರು. ನಾವೇನು ಪುಕ್ಕಟೆ ಬಂದಿದ್ವಾ?

ಜಲಪಾತದ ಪಕ್ಕದ ಬಂಡೆಗಳಲ್ಲಿ ಪಾಚಿ, ವಿಪರೀತ ಜಾರಿಕೆ. ಎಡಕ್ಕೆ ಬನ್ನಿ, ಎಡಕ್ಕೆ ಬನ್ನಿ ಅಂತ ಗೈಡ್ ಕೂಗಿದರೂ ಈ ಪುಣ್ಯಾತ್ಮರಿಗೆ ಕೇಳಿಸಿದರೆ ತಾನೇ! ಜಾರಿ ದೊಪ್ಪೆಂದು ಕೂತರು. ಪೆಟ್ಟೇನೂ ಆಗಲಿಲ್ಲ. ಸ್ಪೀಕರ್ ಮಾತ್ರ ನೀರಿಗೆ ಬಿತ್ತು.

ವಾಟರ್‌ಪ್ರೂಫ್ ಅಂತೆ. ಅಲ್ಲೂ ಹಾಡುತ್ತಲೇ ಇತ್ತು.